ಬೋಗಿ ನಮ್ಮದು, ನಕ್ಷೆ ಯಾರದು?

ಯಶವಂತಪುರದಲ್ಲಿ ಮೆಟ್ರೊ ಇಳಿದು ಪಕ್ಕದ ರೈಲ್ವೆ ನಿಲ್ದಾಣದ ಕಡೆ ಕಣ್ಣು ಹಾಯಿಸಿ. ಎರಡು ಬಗೆಯ ಹಳಿಗಳು ಹತ್ತಿರ ಹತ್ತಿರದಲ್ಲೇ ಇವೆ. ಕೆಳಗಿನ ರೈಲ್ವೆ ಹಳಿಗಳ ನಡುವಿನ ಅಂತರ 1676 ಮಿ.ಮೀ. ಕಂಬಗಳ ಮೇಲಿನ ಮೆಟ್ರೊ ಹಳಿಗಳ ಅಂತರ 1435 ಮಿ.ಮೀ. ಕೆಳಗಿನ ಗಾಡಿಗೆ ವಿದ್ಯುತ್ತು ಬರುವುದು ತಲೆಯ ಮೇಲಿನ ತಂತಿಯಿಂದ, 25,000 ವೋಲ್ಟ್ ಪರ್ಯಾಯ ವಿದ್ಯುತ್ತಾಗಿ. ಮೇಲಿನ ಗಾಡಿಗೆ ಬರುವುದು ಹಳಿಯ ಪಕ್ಕದ ಮೂರನೇ ಹಳಿಯಿಂದ, 750 ವೋಲ್ಟ್ ನೇರ ವಿದ್ಯುತ್ತಾಗಿ. ಇಷ್ಟು ಭಿನ್ನವಾದ ಎರಡು ವ್ಯವಸ್ಥೆಗಳಿಗೂ ಬೋಗಿಗಳನ್ನು ಕಟ್ಟಿಕೊಟ್ಟ ಕಾರ್ಖಾನೆಯೊಂದು ಇದೇ ಬೆಂಗಳೂರಿನ ಇನ್ನೊಂದು ಮೂಲೆಯಲ್ಲಿ, ತಿಪ್ಪಸಂದ್ರದ ಬಳಿ ಇದೆ. ಅದೇ ಬಿಇಎಂಎಲ್.

ಇಂಥ ಕಾರ್ಖಾನೆಗಳ ಇತಿಹಾಸವನ್ನು ನಾವು ಬರೆಯುವ ರೀತಿಯಲ್ಲಿ ಒಂದು ಕೊರತೆ ಇದೆ. ಎಷ್ಟು ಬೋಗಿ ತಯಾರಾಯಿತು, ಎಷ್ಟು ಕೋಟಿ ವಹಿವಾಟು ನಡೆಯಿತು, ಯಾವ ಸಚಿವರು ಹಸಿರು ಬಾವುಟ ತೋರಿಸಿದರು ಎಂಬ ವಿವರಗಳು ಸುಲಭವಾಗಿ ಸಿಗುತ್ತವೆ. ಆದರೆ ಆ ಬೋಗಿಯ ನಕ್ಷೆ ಯಾರದು, ಲೆಕ್ಕಾಚಾರ ಮಾಡಿದವರು ಯಾರು, ದೋಷ ಕಂಡಾಗ ವಿನ್ಯಾಸವನ್ನು ತಿದ್ದುವ ಅಧಿಕಾರ ಯಾರ ಕೈಯಲ್ಲಿತ್ತು ಎಂಬುದು ಸಿಗುವುದಿಲ್ಲ. ಒಂದು ತಯಾರಿಕಾ ಸಂಸ್ಥೆಯ ನಿಜವಾದ ಇತಿಹಾಸ ಅದರ ಕಲಿಕೆಯ ಇತಿಹಾಸ. ನಿನ್ನೆ ಹೊರಗಿನಿಂದ ಕೊಳ್ಳುತ್ತಿದ್ದ ಯಾವ ವಿದ್ಯೆಯನ್ನು ಇಂದು ಕೊಳ್ಳಬೇಕಾಗಿಲ್ಲ ಎಂಬುದೇ ಅದರ ಅಳತೆಗೋಲು. ಈ ಅಳತೆಗೋಲನ್ನು ಹಿಡಿದು ನಮ್ಮ ಕಾರ್ಖಾನೆಯನ್ನು ಜಪಾನಿನ ಒಂದು ರೈಲು ಬೋಗಿ ಕಾರ್ಖಾನೆಯ ಪಕ್ಕದಲ್ಲಿಟ್ಟು ನೋಡೋಣ.

ಮೊದಲು ಒಂದು ಪದದ ಸ್ಪಷ್ಟನೆ. ನಾವು ಆಡುಮಾತಿನಲ್ಲಿ 'ಬೋಗಿ' ಎನ್ನುವುದು ಪ್ರಯಾಣಿಕರು ಕೂರುವ ಇಡೀ ಡಬ್ಬಿಯನ್ನು. ತಂತ್ರಜ್ಞರಿಗೆ ಬೋಗಿ ಎಂದರೆ ಡಬ್ಬಿಯ ಅಡಿಯಲ್ಲಿರುವ, ಗಾಲಿಗಳನ್ನೂ ಸ್ಪ್ರಿಂಗುಗಳನ್ನೂ ಹಿಡಿದಿರುವ ಚೌಕಟ್ಟು. ಈ ಲೇಖನದಲ್ಲಿ ಬೋಗಿ ಎಂಬುದು ಆಡುಮಾತಿನ ಅರ್ಥದಲ್ಲೇ ಇದೆ. ಅಡಿಯ ಭಾಗವನ್ನು 'ಗಾಲಿ ಚೌಕಟ್ಟು' ಎಂದು ಕರೆಯೋಣ.

ಒಂದೇ ಬಗೆಯ ಆರಂಭ

ಎರಡನೇ ಮಹಾಯುದ್ಧ ಮುಗಿದಾಗ ಜಪಾನಿನಲ್ಲಿ ವಿಮಾನ ತಯಾರಿಕೆಯನ್ನು ನಿಷೇಧಿಸಲಾಯಿತು. ಕೆಲಸ ಕಳೆದುಕೊಂಡ ವಿಮಾನ ಎಂಜಿನಿಯರುಗಳಲ್ಲಿ ಹಲವರು ರೈಲ್ವೆ ಸಂಶೋಧನೆಗೆ ಬಂದರು. ನೌಕಾಪಡೆಯ 'ಗಿಂಗಾ' ಬಾಂಬರ್ ವಿಮಾನವನ್ನು ವಿನ್ಯಾಸಗೊಳಿಸಿದ್ದ ತದನಾವೊ ಮಿಕಿ ಮುಂದೆ ಶಿಂಕಾನ್‌ಸೆನ್ ಗಾಡಿಯ ಮೂಗಿನ ಆಕಾರವನ್ನು ರೂಪಿಸಿದರು. ವಿಮಾನದ ರೆಕ್ಕೆಗಳ ಅಪಾಯಕಾರಿ ಕಂಪನವನ್ನು ಅಧ್ಯಯನ ಮಾಡಿದ್ದ ತದಾಶಿ ಮತ್ಸುದೈರಾ, ವೇಗ ಹೆಚ್ಚಿದಂತೆ ಗಾಲಿಗಳು ಹಳಿಗಳ ನಡುವೆ ಹಾವಿನಂತೆ ಓಲಾಡುವುದೂ ಅದೇ ಜಾತಿಯ ಕಂಪನ ಎಂದು ಗುರುತಿಸಿ ಅದಕ್ಕೆ ಪರಿಹಾರ ಹುಡುಕಿದರು. 1964ರ ಅಕ್ಟೋಬರಿನಲ್ಲಿ ಓಡಿದ ಶಿಂಕಾನ್‌ಸೆನ್ ಹಿಂದೆ ಇಂಥ ವಿದ್ಯೆಯ ವರ್ಗಾವಣೆ ಇತ್ತು.

ಬೆಂಗಳೂರಿನ ಕತೆಯ ಆರಂಭವೂ ವಿಮಾನದಲ್ಲೇ. 1940ರ ಡಿಸೆಂಬರಿನಲ್ಲಿ ವಾಲ್‌ಚಂದ್ ಹೀರಾಚಂದ್ ಅವರು ಮೈಸೂರು ಸರ್ಕಾರದ ಸಹಭಾಗಿತ್ವದಲ್ಲಿ ಹಿಂದುಸ್ತಾನ್ ಏರ್‌ಕ್ರಾಫ್ಟ್ ಕಂಪನಿಯನ್ನು ಸ್ಥಾಪಿಸಿದರು. ಯುದ್ಧಕಾಲದಲ್ಲಿ ಅದು ಮಿತ್ರಪಕ್ಷದ ವಿಮಾನಗಳ ದುರಸ್ತಿಯ ದೊಡ್ಡ ಕೇಂದ್ರವಾಗಿತ್ತು. ಯುದ್ಧ ನಿಂತಾಗ ಕೆಲಸವೂ ನಿಂತಿತು. ಲೋಹದ ತಗಡನ್ನು ಕತ್ತರಿಸಿ, ಬಾಗಿಸಿ, ರಿವೆಟ್ ಹೊಡೆಯಬಲ್ಲ ಸಾವಿರಾರು ಕುಶಲ ಕೈಗಳು ಅಲ್ಲಿದ್ದವು. 1940ರ ದಶಕದ ಕೊನೆಯಲ್ಲಿ ಆ ಕೈಗಳನ್ನು ಬಸ್ಸಿನ ಮೈ ಕಟ್ಟಲು, ಮರದ ಬದಲು ಪೂರ್ತಿ ಲೋಹದ ರೈಲು ಬೋಗಿಗಳನ್ನು ಕಟ್ಟಲು ಬಳಸಲಾಯಿತು. 1964ರ ಮೇ ತಿಂಗಳಲ್ಲಿ ಭಾರತ್ ಅರ್ತ್ ಮೂವರ್ಸ್ ಲಿಮಿಟೆಡ್ ಎಂಬ ಸಾರ್ವಜನಿಕ ಉದ್ಯಮ ನೋಂದಣಿಯಾಯಿತು. 1965ರ ಜನವರಿಯಿಂದ ಬೋಗಿ ವಿಭಾಗ ಅದರ ಆಡಳಿತದಲ್ಲಿ ಕೆಲಸ ಆರಂಭಿಸಿತು. ಹೆಸರಿನಲ್ಲಿ ಮಣ್ಣು ಸರಿಸುವ ಯಂತ್ರವಿದ್ದರೂ ಹುಟ್ಟಿದ್ದು ರೈಲು ಬೋಗಿಯ ಜೊತೆಗೇ.

ಅಂದರೆ ಎರಡೂ ಕಡೆ ಯುದ್ಧಾನಂತರದ ಬಂಡವಾಳ ಒಂದೇ: ಹಗುರವಾದ ಲೋಹದ ಮೈ ಕಟ್ಟುವ ವಿಮಾನ ವಿದ್ಯೆ. ದಾರಿಗಳು ಬೇರೆಯಾದದ್ದು ಆಮೇಲೆ.

ತುಕ್ಕು ಹಿಡಿಯದ ಉಕ್ಕಿನ ಪಾಠ

ಜಪಾನಿನ ಉದಾಹರಣೆಯಾಗಿ ಟೋಕ್ಯು ಕಾರ್ ಎಂಬ ಕಂಪನಿಯನ್ನು ತೆಗೆದುಕೊಳ್ಳೋಣ. ಇದಕ್ಕೂ ಬೆಂಗಳೂರಿಗೂ ನೇರ ವ್ಯವಹಾರವಿಲ್ಲ. ಆದರೆ ನಮ್ಮ ಮೆಟ್ರೊ ಬೋಗಿಗಳ ಮೈ ಯಾವ ಲೋಹದ್ದೋ ಆ ಸ್ಟೇನ್‌ಲೆಸ್ ಸ್ಟೀಲನ್ನು ಜಪಾನಿನಲ್ಲಿ ರೈಲಿಗೆ ಒಗ್ಗಿಸಿದ್ದು ಇದೇ ಕಂಪನಿ. ಯೊಕೊಹಾಮಾದಲ್ಲಿ ನೌಕಾಪಡೆಯ ಹಳೆಯ ತಾಂತ್ರಿಕ ಕಾರ್ಖಾನೆಯಿದ್ದ ಜಾಗದಲ್ಲಿ, ಯುದ್ಧದಲ್ಲಿ ಹಾಳಾದ ಬೋಗಿಗಳ ದುರಸ್ತಿಯಿಂದ ಕೆಲಸ ಶುರುವಾಯಿತು. 1948ರಲ್ಲಿ ಅದು ಪ್ರತ್ಯೇಕ ಕಂಪನಿಯಾಯಿತು.

ಸಾಧಾರಣ ಉಕ್ಕಿನ ಬೋಗಿಗೆ ಬಣ್ಣ ಬಳಿಯುತ್ತಲೇ ಇರಬೇಕು. ಮುಂದೆ ತುಕ್ಕು ತಿನ್ನುವ ಪಾಲನ್ನು ಊಹಿಸಿ ತಗಡನ್ನು ಬೇಕಾದುದಕ್ಕಿಂತ ದಪ್ಪವಾಗಿಯೇ ಇಡಬೇಕು. ಸ್ಟೇನ್‌ಲೆಸ್ ಸ್ಟೀಲಿನಲ್ಲಿ ಈ ಎರಡೂ ಇಲ್ಲ. ತಗಡು ತೆಳುವಾಗುತ್ತದೆ, ಬೋಗಿ ಹಗುರಾಗುತ್ತದೆ, ವಿದ್ಯುತ್ತು ಉಳಿಯುತ್ತದೆ. ತೊಡಕು ಇರುವುದು ಬೆಸುಗೆಯಲ್ಲಿ. ಇದರ ಉಷ್ಣವಾಹಕತೆ ಸಾಧಾರಣ ಉಕ್ಕಿನ ಸುಮಾರು ಮೂರನೇ ಒಂದು ಪಾಲು ಮಾತ್ರ. ಬಿಸಿಯಾದಾಗ ಹಿಗ್ಗುವುದು ಸುಮಾರು ಒಂದೂವರೆ ಪಟ್ಟು. ಬೆಸುಗೆಯ ಶಾಖ ಹರಡದೆ ಒಂದೇ ಕಡೆ ನಿಂತು ತಗಡು ಸೊಟ್ಟಗಾಗುತ್ತದೆ. ಸುಮಾರು 450ರಿಂದ 850 ಡಿಗ್ರಿ ಸೆಲ್ಸಿಯಸ್ ನಡುವೆ ಹೆಚ್ಚು ಹೊತ್ತು ಇದ್ದರೆ ಒಳಗಿನ ಕ್ರೋಮಿಯಂ ಇಂಗಾಲದೊಡನೆ ಕೂಡಿ, ತುಕ್ಕನ್ನು ತಡೆಯುವ ಗುಣವೇ ಕುಂದುತ್ತದೆ. ಅಮೆರಿಕದ ಫಿಲಡೆಲ್ಫಿಯಾದ ಬಡ್ ಕಂಪನಿ ಇದಕ್ಕೆ 1930ರ ದಶಕದಲ್ಲೇ ಉಪಾಯ ಕಂಡುಕೊಂಡಿತ್ತು. ಭಾರೀ ವಿದ್ಯುತ್ ಪ್ರವಾಹವನ್ನು ಕ್ಷಣಮಾತ್ರ ಹರಿಸಿ ಚುಕ್ಕಿ ಚುಕ್ಕಿಯಾಗಿ ಬೆಸೆಯುವುದು ಆ ಉಪಾಯ. ಪಕ್ಕದ ತಗಡಿಗೆ ಜೋರು ಕೊಡಲು, ಸೊಟ್ಟ ಕಾಣದಿರಲು ಅದರ ಮೇಲೆ ಉದ್ದಕ್ಕೂ ಏಣುಗಳನ್ನು ಒತ್ತುತ್ತಿದ್ದರು.

ಟೋಕ್ಯು ಕಾರ್ 1958ರಲ್ಲಿ ಸಾಧಾರಣ ಉಕ್ಕಿನ ಅಸ್ಥಿಪಂಜರದ ಮೇಲೆ ಸ್ಟೇನ್‌ಲೆಸ್ ತಗಡು ಹೊದಿಸಿದ 5200 ಸರಣಿಯ ಬೋಗಿಗಳನ್ನು ತಾನೇ ಕಟ್ಟಿ ನೋಡಿತು. ಒಳಗಿನ ಉಕ್ಕಿಗೆ ತುಕ್ಕು ಹಿಡಿಯುವ ಸಮಸ್ಯೆ ಹಾಗೇ ಉಳಿಯಿತು. 1959ರಲ್ಲಿ ಅದು ಬಡ್ ಕಂಪನಿಯೊಡನೆ ತಾಂತ್ರಿಕ ಒಪ್ಪಂದ ಮಾಡಿಕೊಂಡಿತು. 1962ರಲ್ಲಿ ಹೊರಬಂದ 7000 ಸರಣಿ ಜಪಾನಿನ ಮೊದಲ ಪೂರ್ಣ ಸ್ಟೇನ್‌ಲೆಸ್ ಬೋಗಿ. ಅದರ ಮೈಯೂ ಗಾಲಿ ಚೌಕಟ್ಟೂ ಬಡ್‌ನ ವಿನ್ಯಾಸವನ್ನೇ ಅನುಸರಿಸಿದ್ದವು. ಇಲ್ಲಿಯವರೆಗಿನದು ಪರವಾನಗಿ ತಯಾರಿಕೆ. ನಮ್ಮ ದೇಶದಲ್ಲೂ ಇಂಥ ಉದಾಹರಣೆಗಳು ಬೇಕಾದಷ್ಟಿವೆ.

ಮುಂದಿನ ಹೆಜ್ಜೆಯನ್ನು ಗಮನಿಸಿ. 1970ರ ದಶಕದಲ್ಲಿ ಕಂಪ್ಯೂಟರ್ ಬಂದಾಗ ಟೋಕ್ಯು ಕಾರ್‌ನ ಎಂಜಿನಿಯರುಗಳು ಬೋಗಿಯ ಮೈಯನ್ನು ಸಾವಿರಾರು ಸಣ್ಣ ತುಣುಕುಗಳಾಗಿ ಭಾವಿಸಿ, ಪ್ರತಿ ತುಣುಕಿನ ಮೇಲೆ ಬೀಳುವ ಒತ್ತಡವನ್ನು ಲೆಕ್ಕ ಹಾಕಿದರು. ಎಲ್ಲಿ ಲೋಹ ವ್ಯರ್ಥವಾಗಿದೆ, ಎಲ್ಲಿ ಸಾಲದು ಎಂಬುದು ಗೋಚರವಾಯಿತು. 1978ರಲ್ಲಿ ಎರಡು ಪ್ರಾಯೋಗಿಕ ಬೋಗಿಗಳು ಸಿದ್ಧವಾದವು. ತೂಕ ಸುಮಾರು 2 ಟನ್ ಇಳಿದಿತ್ತು. 1980ರಲ್ಲಿ ಅದೇ ತತ್ತ್ವದ 8090 ಸರಣಿ ಬಂತು. ಈ ಲೆಕ್ಕಾಚಾರವನ್ನು ಬಡ್ ಮಾರಿರಲಿಲ್ಲ, ಮಾರಲು ಅದರ ಬಳಿ ಇರಲೂ ಇಲ್ಲ. 1985ರಲ್ಲಿ ಜಪಾನ್ ರಾಷ್ಟ್ರೀಯ ರೈಲ್ವೆ ತನ್ನ 205 ಸರಣಿಗೆ ಈ ವಿಧಾನವನ್ನು ಆಯ್ದುಕೊಂಡಾಗ ಅದು ಇತರ ತಯಾರಕರಿಗೂ ದಕ್ಕುವಂತೆ ಮಾಡಿತು. 1987ರಲ್ಲಿ ಬಡ್ ರೈಲು ಬೋಗಿ ತಯಾರಿಕೆಯನ್ನೇ ನಿಲ್ಲಿಸಿತು. ಗುರು ಅಂಗಡಿ ಮುಚ್ಚಿದಾಗ ಶಿಷ್ಯನ ವಿದ್ಯೆ ಒಂದು ದೇಶದ ಸಾಮಾನ್ಯ ಜ್ಞಾನವಾಗಿತ್ತು. ಕಂಪನಿ 2012ರಲ್ಲಿ ಜೆ.ಆರ್. ಈಸ್ಟ್ ರೈಲ್ವೆಯ ಕೈ ಸೇರಿ ಹೆಸರು ಬದಲಾಯಿಸಿಕೊಂಡಿತು. ವಿದ್ಯೆ ಮಾತ್ರ ಅಲ್ಲೇ ಉಳಿಯಿತು.

ನಮ್ಮ ಮೊದಲ ಅರ್ಧ

ಈಗ ನಮ್ಮ ಕಡೆ ಬರೋಣ. 1955ರ ಅಕ್ಟೋಬರ್ 2ರಂದು ಮದರಾಸಿನ ಪೆರಂಬೂರಿನಲ್ಲಿ ಇಂಟೆಗ್ರಲ್ ಕೋಚ್ ಫ್ಯಾಕ್ಟರಿ (ಐ.ಸಿ.ಎಫ್.) ಆರಂಭವಾಯಿತು. ವಿನ್ಯಾಸ ಸ್ವಿಟ್ಜರ್ಲೆಂಡಿನ ಶ್ಲೀರೆನ್ ಕಂಪನಿಯದು. ಆ ಕಾಲಕ್ಕೆ ಅದು ಒಳ್ಳೆಯ ಆಯ್ಕೆ. ಚಾಸಿಯ ಮೇಲೆ ಡಬ್ಬಿ ಕೂರಿಸುವ ಬದಲು ಇಡೀ ಮೈಯೇ ಭಾರ ಹೊರುವ ರಚನೆ ಅದು. ಬಿಇಎಂಎಲ್ ಕೂಡ ಕಾಲಕ್ರಮೇಣ ಇದೇ ಮಾದರಿಯ ಬೋಗಿಗಳನ್ನು ಭಾರತೀಯ ರೈಲ್ವೆಗೆ ಕಟ್ಟಿಕೊಟ್ಟಿತು. ಯಶವಂತಪುರದಿಂದ ಹೊರಡುತ್ತಿದ್ದ ನೀಲಿ ಗಾಡಿಗಳಲ್ಲಿ ನೀವು ಕುಳಿತದ್ದು ಬಹುಪಾಲು ಈ ವಂಶದ ಬೋಗಿಗಳಲ್ಲೇ.

ಈ ವಂಶದ ತಯಾರಿಕೆ ಪೆರಂಬೂರಿನಲ್ಲಿ ನಿಂತದ್ದು 2018ರ ಜನವರಿಯಲ್ಲಿ. ಒಂದೇ ಮೂಲ ವಿನ್ಯಾಸ ಆರು ದಶಕಕ್ಕೂ ಮಿಗಿಲಾಗಿ ನಡೆಯಿತು. ನಡುವೆ ಸಣ್ಣಪುಟ್ಟ ಸುಧಾರಣೆಗಳು ಬಹಳ ಆದವು. ಎಸಿ ಬೋಗಿ ಬಂತು, ಏರ್ ಬ್ರೇಕ್ ಬಂತು. ಆದರೆ ಅಪಘಾತದಲ್ಲಿ ಒಂದು ಬೋಗಿ ಇನ್ನೊಂದರ ಮೇಲೆ ಏರುವ ದೋಷ ಎಲ್ಲರಿಗೂ ಗೊತ್ತಿದ್ದರೂ, ಅದಕ್ಕೆ ಪೂರ್ಣ ಉತ್ತರವಾಗಿ ಬಂದದ್ದು ಮತ್ತೆ ಹೊರಗಿನ ವಿನ್ಯಾಸ, 1990ರ ದಶಕದಲ್ಲಿ ಜರ್ಮನಿಯಿಂದ ಕೊಂಡ ಎಲ್.ಎಚ್.ಬಿ. ಬೋಗಿ. ಟೋಕ್ಯು ಕಾರ್ ಪರವಾನಗಿಯ ಬೋಗಿಯಿಂದ ತನ್ನ ಸ್ವಂತ ಲೆಕ್ಕಾಚಾರಕ್ಕೆ ಹೋಗಲು ತೆಗೆದುಕೊಂಡದ್ದು 16 ವರ್ಷ. ನಾವು 40 ವರ್ಷದ ನಂತರ ಎರಡನೇ ಪರವಾನಗಿ ಕೊಂಡೆವು.

ಇದಕ್ಕೆ ಕಾರ್ಖಾನೆಯ ಕಾರ್ಮಿಕರನ್ನೋ ಎಂಜಿನಿಯರುಗಳನ್ನೋ ದೂರುವುದು ತಪ್ಪಾಗುತ್ತದೆ. ಗಿರಾಕಿ ಒಬ್ಬನೇ, ಅವನಿಗೆ ಬೇಕಾದದ್ದು ನಿನ್ನೆಯಂಥದೇ ಬೋಗಿ ಇನ್ನಷ್ಟು. ಹೀಗಿದ್ದಾಗ ಕಾರ್ಖಾನೆ ಕಲಿಯುವುದು ವೇಗವಾಗಿ ಕಟ್ಟುವುದನ್ನೇ ಹೊರತು ಹೊಸದನ್ನು ಯೋಚಿಸುವುದನ್ನಲ್ಲ.

ಮೆಟ್ರೊ: ಎರಡನೇ ಪಾಠಶಾಲೆ

ಬದಲಾವಣೆ ಬಂದದ್ದು ದೆಹಲಿ ಮೆಟ್ರೊ ಮೂಲಕ. ಜಪಾನಿನ ಸಾಲದ ನೆರವಿನಿಂದ ನಿರ್ಮಾಣವಾಗಿ 2002ರ ಡಿಸೆಂಬರಿನಲ್ಲಿ ಆರಂಭವಾದ ಆ ಮೆಟ್ರೊಗೆ ಗಾಡಿ ಪೂರೈಸಿದ್ದು ಕೊರಿಯಾದ ರೋಟೆಮ್ ಮತ್ತು ಜಪಾನಿನ ಮಿತ್ಸುಬಿಷಿ ಸಂಸ್ಥೆಗಳ ಕೂಟ. ಮೊದಲ ಗಾಡಿಗಳು ಕೊರಿಯಾದಲ್ಲಿ ತಯಾರಾದವು. ಉಳಿದವನ್ನು ಬೆಂಗಳೂರಿನ ಬಿಇಎಂಎಲ್‌ನಲ್ಲಿ ಕಟ್ಟಲಾಯಿತು. ಆ ಅನುಭವದ ಬಲದಿಂದ 2009ರ ಫೆಬ್ರುವರಿಯಲ್ಲಿ 'ನಮ್ಮ ಮೆಟ್ರೊ'ದ 150 ಬೋಗಿಗಳ ಗುತ್ತಿಗೆ ಬಂದಾಗ ಬಿಇಎಂಎಲ್ ಕೂಟದ ನಾಯಕನಾಗಿತ್ತು. ಜೊತೆಗಾರರು ಮತ್ತೆ ಹ್ಯುಂಡೈ ರೋಟೆಮ್ ಮತ್ತು ಮಿತ್ಸುಬಿಷಿ. ಮೊತ್ತ ಸುಮಾರು 1,672 ಕೋಟಿ ರೂಪಾಯಿ.

2014ರ ಮಾರ್ಚ್ 1ರಂದು ಸಂಪಿಗೆ ರಸ್ತೆಯಿಂದ ಯಶವಂತಪುರದ ಮೂಲಕ ಪೀಣ್ಯದವರೆಗೆ ಓಡತೊಡಗಿದ್ದು ಈ ಗಾಡಿಗಳೇ. ಇದರಲ್ಲಿ ಯಾವುದು ಯಾರದು? ಸ್ಟೇನ್‌ಲೆಸ್ ಮೈಯನ್ನು ಬೆಸೆದು, ಒಳಾಂಗಣ ಜೋಡಿಸಿ, ಪರೀಕ್ಷಿಸುವ ಕೆಲಸ ಬೆಂಗಳೂರಿನದು. ಗಾಡಿಯನ್ನು ಓಡಿಸುವ ವಿದ್ಯುತ್ ಚಾಲನಾ ವ್ಯವಸ್ಥೆ ಮಿತ್ಸುಬಿಷಿ ಎಲೆಕ್ಟ್ರಿಕ್‌ನದು. ಈ ಎರಡನೆಯದರ ತೂಕವನ್ನು ತಿಳಿಯಲು ಅದರ ಕೆಲಸವನ್ನು ತಿಳಿಯಬೇಕು.

ಮೂರನೇ ಹಳಿಯಿಂದ ಬರುವುದು ನೇರ ವಿದ್ಯುತ್ತು. ಗಾಡಿಯ ಮೋಟಾರಿಗೆ ಬೇಕಾದದ್ದು ಮೂರು ಫೇಸಿನ ಪರ್ಯಾಯ ವಿದ್ಯುತ್ತು, ಅದೂ ವೇಗಕ್ಕೆ ತಕ್ಕಂತೆ ವೋಲ್ಟೇಜೂ ಆವರ್ತನವೂ ಬದಲಾಗುವಂಥದು. ಈ ಪರಿವರ್ತನೆಯನ್ನು ಅಡಿಯಲ್ಲಿರುವ ಇನ್ವರ್ಟರ್ ಪೆಟ್ಟಿಗೆ ಮಾಡುತ್ತದೆ. ಅದರೊಳಗಿನ ಅರೆವಾಹಕ ಸ್ವಿಚ್ಚುಗಳು ಸೆಕೆಂಡಿಗೆ ನೂರಾರು ಸಲ ತೆರೆದು ಮುಚ್ಚುತ್ತವೆ. ಹೊರಡುವಾಗ ಕೇಳುವ ಏರುಸ್ವರದ ಗುಂಯ್‌ಗುಡುವಿಕೆ ಇದರದೇ. ಬ್ರೇಕ್ ಹಾಕಿದಾಗ ಮೋಟಾರುಗಳು ಜನರೇಟರುಗಳಾಗಿ ವಿದ್ಯುತ್ತನ್ನು ಮೂರನೇ ಹಳಿಗೆ ಮರಳಿಸುತ್ತವೆ, ಹತ್ತಿರದ ಇನ್ನೊಂದು ಗಾಡಿ ಅದನ್ನು ಬಳಸಿಕೊಳ್ಳುತ್ತದೆ. ಮಳೆಯಲ್ಲಿ ಗಾಲಿ ಜಾರಿದರೆ ಕ್ಷಣಾರ್ಧದಲ್ಲಿ ಬಲ ತಗ್ಗಿಸಬೇಕು. ವಿದ್ಯುತ್ ಬ್ರೇಕು ಸಾಲದಾದಾಗ ಗಾಳಿಯ ಬ್ರೇಕನ್ನು ಪ್ರಯಾಣಿಕನಿಗೆ ಗೊತ್ತಾಗದಂತೆ ಬೆರೆಸಬೇಕು. ಇದೆಲ್ಲ ಸಾಫ್ಟ್‌ವೇರಿನ ಕೆಲಸ. ಗಾಡಿಯ ಮೈ ಅದರ ದೇಹವಾದರೆ ಇದು ನರಮಂಡಲ.

ಆದ್ದರಿಂದ 'ಇಷ್ಟು ಶೇಕಡಾ ದೇಶೀಯ' ಎಂಬ ಲೆಕ್ಕವನ್ನು ಎಚ್ಚರದಿಂದ ಓದಬೇಕು. ಸೀಟು, ಗಾಜು, ನೆಲಹಾಸು, ಲೋಹದ ತಗಡು ಸೇರಿದರೆ ಬೆಲೆಯ ದೊಡ್ಡ ಪಾಲೇ ದೇಶೀಯವಾಗಬಹುದು. ಉಳಿದ ಸಣ್ಣ ಪಾಲಿನಲ್ಲೇ ಗಾಡಿಯ ಬುದ್ಧಿ ಇರಬಹುದು.

ಹಾಗೆಂದು ಕಲಿಕೆ ಆಗಲೇ ಇಲ್ಲ ಎನ್ನಲಾಗದು. ಯಶವಂತಪುರದ ಪ್ಲಾಟ್‌ಫಾರ್ಮ್ ಆರು ಬೋಗಿಗಳಿಗಾಗಿ ಕಟ್ಟಿದ್ದು. ಮೊದಲ ಐದು ವರ್ಷ ಬಂದ ಗಾಡಿಗಳು ಮೂರು ಬೋಗಿಯವು. ಆಗ ಗಾಡಿ ನಿಲ್ಲುವ ಕಡೆಗೆ ಜನ ಓಡುತ್ತಿದ್ದುದು ನಿಮಗೆ ನೆನಪಿರಬಹುದು. 2017ರಲ್ಲಿ ಇನ್ನೂ 150 ನಡುಬೋಗಿಗಳನ್ನು ಸುಮಾರು 1,421 ಕೋಟಿ ರೂಪಾಯಿಗೆ ಪೂರೈಸುವ ಗುತ್ತಿಗೆ ಬಿಇಎಂಎಲ್‌ಗೆ ಸಿಕ್ಕಿತು. ನೇರಳೆ ಮಾರ್ಗದಲ್ಲಿ 2018ರ ಜೂನ್‌ನಲ್ಲಿ, ಹಸಿರು ಮಾರ್ಗದಲ್ಲಿ 2019ರ ಜನವರಿಯಲ್ಲಿ ಆರು ಬೋಗಿಯ ಗಾಡಿ ಓಡಿತು. ಹಳೆಯ ಗಾಡಿಯನ್ನು ನಡುವೆ ಬಿಡಿಸಿ ಹೊಸ ಬೋಗಿಗಳನ್ನು ಸೇರಿಸುವುದೆಂದರೆ ಬ್ರೇಕು, ಮೋಟಾರು, ಬಾಗಿಲು, ನಿಯಂತ್ರಣ ಎಲ್ಲವೂ ಒಂದೇ ಭಾಷೆ ಮಾತಾಡಬೇಕು. ಮೊದಲ ಗಾಡಿಯನ್ನು ಒಳಗಿನಿಂದ ಬಲ್ಲವರಿಗೆ ಮಾತ್ರ ಸುಲಭವಾದ ಕೆಲಸ ಅದು. 2018ರಲ್ಲಿ ಮುಂಬೈನ 2ಎ ಮತ್ತು 7ನೇ ಮಾರ್ಗಗಳಿಗೆ 378 ಬೋಗಿಗಳ ಗುತ್ತಿಗೆಯನ್ನು ಬಿಇಎಂಎಲ್ ವಿದೇಶಿ ಕೂಟವಿಲ್ಲದೆ ಒಂಟಿಯಾಗಿ ಪಡೆಯಿತು. ಆ ಗಾಡಿಗಳು 2022ರ ಏಪ್ರಿಲ್‌ನಿಂದ ಓಡುತ್ತಿವೆ. ಕೂಟದ ಕಿರಿಯ ಸದಸ್ಯ, ನಂತರ ನಾಯಕ, ನಂತರ ಒಂಟಿ ಗುತ್ತಿಗೆದಾರ: ಎರಡು ದಶಕದಲ್ಲಿ ಈ ಮೂರು ಮೆಟ್ಟಿಲು ಏರಿದ್ದು ಹಿಂದಿನ ನಾಲ್ಕು ದಶಕಕ್ಕಿಂತ ದೊಡ್ಡ ಸಾಧನೆ.

ಅಗ್ಗದ ಗುತ್ತಿಗೆ, ದುಬಾರಿ ಕಾಯುವಿಕೆ

ಈ ಕಲಿಕೆಗೂ ನಿಮಗೂ ಏನು ಸಂಬಂಧ? ಉತ್ತರ ನಗರದ ಇನ್ನೊಂದು ತುದಿಯ ಹಳದಿ ಮಾರ್ಗದಲ್ಲಿದೆ. 2019ರ ಡಿಸೆಂಬರಿನಲ್ಲಿ 216 ಬೋಗಿಗಳ ಗುತ್ತಿಗೆ ಚೀನಾದ ಸಿ.ಆರ್.ಆರ್.ಸಿ. ಕಂಪನಿಗೆ ಹೋಯಿತು. ಮೊತ್ತ ಸುಮಾರು 1,578 ಕೋಟಿ, ಅಂದರೆ ಬೋಗಿಗೆ ಸರಾಸರಿ 7.3 ಕೋಟಿ ರೂಪಾಯಿ. 2017ರ ಗುತ್ತಿಗೆಯಲ್ಲಿ ಇದು 9.5 ಕೋಟಿಯ ಹತ್ತಿರವಿತ್ತು. ಬಹುಪಾಲು ಬೋಗಿಗಳನ್ನು ಭಾರತದಲ್ಲೇ ತಯಾರಿಸಬೇಕೆಂಬ ಷರತ್ತಿತ್ತು. ಆ ಕಂಪನಿಗೆ ಇಲ್ಲಿ ಕಾರ್ಖಾನೆ ತೆರೆಯಲಾಗಲಿಲ್ಲ. ಕೊನೆಗೆ ಬಂಗಾಳದ ಟಿಟಾಗಢ್ ಕಂಪನಿಯ ಜೊತೆಗೂಡಬೇಕಾಯಿತು. ಮೊದಲ ಗಾಡಿ ಚೀನಾದಿಂದ ಬಂದದ್ದು 2024ರ ಫೆಬ್ರುವರಿಯಲ್ಲಿ. ಮಾರ್ಗ ಉದ್ಘಾಟನೆಯಾದದ್ದು 2025ರ ಆಗಸ್ಟ್ 10ರಂದು, ಅದೂ ಮೂರೇ ಗಾಡಿಗಳೊಂದಿಗೆ, ಸುಮಾರು 25 ನಿಮಿಷಕ್ಕೊಂದರಂತೆ. ಕಂಬ, ಹಳಿ, ನಿಲ್ದಾಣ ಎಲ್ಲ ಸಿದ್ಧವಾಗಿ ಗಾಡಿಗಾಗಿ ಕಾದು ನಿಂತಿದ್ದವು.

ಗುತ್ತಿಗೆಗಳ ಷರತ್ತು ಬೇರೆ ಬೇರೆಯಾದ್ದರಿಂದ ಬೋಗಿಯ ಬೆಲೆಗಳನ್ನು ನೇರವಾಗಿ ತೂಗುವುದು ಸರಿಯಲ್ಲ. ಸ್ಥಳೀಯ ಕಾರ್ಖಾನೆಗೆ ಕೊಟ್ಟಿದ್ದರೆ ಖಂಡಿತ ಸಮಯಕ್ಕೆ ಬರುತ್ತಿತ್ತು ಎನ್ನಲೂ ಆಗದು. ಆದರೆ ಟೆಂಡರಿನ ಹಾಳೆಯಲ್ಲಿ ಬೋಗಿಯ ಬೆಲೆಗೆ ಒಂದು ಅಂಕಣವಿದ್ದಂತೆ, ಖಾಲಿ ನಿಂತ ಮಾರ್ಗದ ಬೆಲೆಗೂ ನಗರದಲ್ಲಿ ಉಳಿಯುವ ವಿದ್ಯೆಯ ಬೆಲೆಗೂ ಅಂಕಣವಿರಲಿಲ್ಲ ಎಂಬುದು ಸ್ಪಷ್ಟ. 2023ರ ಆಗಸ್ಟಿನಲ್ಲಿ 318 ಬೋಗಿಗಳ 3,177 ಕೋಟಿ ರೂಪಾಯಿಯ ಗುತ್ತಿಗೆ ಬಿಇಎಂಎಲ್‌ಗೆ ಬಂತು. ಅದರಲ್ಲಿ ದೀರ್ಘಾವಧಿಯ ನಿರ್ವಹಣೆಯೂ ಸೇರಿದೆ. ತಾನು ಕಟ್ಟಿದ ಗಾಡಿಯ ಕಾಯಿಲೆಗಳನ್ನು ವರ್ಷಗಟ್ಟಲೆ ತಾನೇ ನೋಡಿಕೊಳ್ಳುವುದು ವಿನ್ಯಾಸಕನಿಗೆ ಸಿಗುವ ಅತ್ಯುತ್ತಮ ಪಾಠ.

ಹೋಲಿಕೆಯ ಮಿತಿ

ಜಪಾನಿನೊಡನೆ ಹೋಲಿಸುವಾಗ ಒಂದು ನ್ಯಾಯ ಪಾಲಿಸಬೇಕು. ಟೋಕ್ಯು ಕಾರ್‌ಗೆ ಬೆನ್ನ ಹಿಂದೆ ಟೋಕ್ಯು ಎಂಬ ಖಾಸಗಿ ರೈಲ್ವೆಯೇ ಇತ್ತು. ಕಂಪನಿ ಹೊಸದನ್ನು ಕಟ್ಟಿದರೆ ಓಡಿಸಿ ನೋಡಲು ಮಾರ್ಗವಿತ್ತು, ಎರಡು ಬೋಗಿಗಳನ್ನಷ್ಟೇ ಪ್ರಯೋಗಕ್ಕೆ ಕಟ್ಟುವ ಸ್ವಾತಂತ್ರ್ಯವಿತ್ತು, ಮುಂದಿನ ಬೇಡಿಕೆಯ ಭರವಸೆಯಿತ್ತು. ನಮ್ಮಲ್ಲಿ ದೆಹಲಿಯ ಮೊದಲ ಮಾರ್ಗಗಳು ಬ್ರಾಡ್ ಗೇಜ್, ಬೆಂಗಳೂರಿನದು ಸ್ಟ್ಯಾಂಡರ್ಡ್ ಗೇಜ್. ಇಲ್ಲಿ 750 ವೋಲ್ಟ್ ಮೂರನೇ ಹಳಿ, ಮುಂಬೈಯಲ್ಲಿ 25,000 ವೋಲ್ಟ್ ತಂತಿ. ಬೆಂಗಳೂರಿನ ಬೋಗಿಯ ಅಗಲ 2.88 ಮೀಟರ್, ಮುಂಬೈನದು 3.2 ಮೀಟರ್. ಪ್ರತಿ ನಗರವೂ ಹೊಸದಾಗಿ ಟೆಂಡರು ಬರೆಯುತ್ತದೆ. ಪ್ರತಿ ಸಲವೂ ಕಾರ್ಖಾನೆ ಮೊದಲಿಂದ ಶುರುಮಾಡುತ್ತದೆ. ಕಲಿತದ್ದು ಕೂಡಿಡಲು ಆಗುವುದೇ ಇಲ್ಲ. ಕಲಿಯುವ ಕಾರ್ಖಾನೆ ಬೇಕಾದರೆ ಕಲಿಸುವ ಗಿರಾಕಿಯೂ ಬೇಕು.

ಈ ದೃಷ್ಟಿಯಿಂದ 2024ರ ಅಕ್ಟೋಬರಿನ ಒಂದು ಗುತ್ತಿಗೆ ಗಮನಾರ್ಹ. ಗಂಟೆಗೆ 280 ಕಿ.ಮೀ. ವೇಗಕ್ಕೆ ವಿನ್ಯಾಸಗೊಳಿಸಬೇಕಾದ ಎರಡು ಗಾಡಿಗಳನ್ನು ತಯಾರಿಸಲು ಐ.ಸಿ.ಎಫ್. ಬಿಇಎಂಎಲ್‌ಗೆ 866.87 ಕೋಟಿ ರೂಪಾಯಿಯ ಕೆಲಸ ವಹಿಸಿತು. ಇದರಲ್ಲಿ ವಿನ್ಯಾಸ, ಅಭಿವೃದ್ಧಿ, ಪರೀಕ್ಷಾ ಸೌಲಭ್ಯಗಳ ವೆಚ್ಚವೂ ಸೇರಿದೆ. ಎರಡೇ ಗಾಡಿಗೆ ಇಷ್ಟೊಂದು ಹಣವೇ ಎಂದು ಹುಬ್ಬೇರಿಸುವ ಮುನ್ನ ಯೋಚಿಸಿ: ಇಲ್ಲಿ ಕೊಳ್ಳುತ್ತಿರುವುದು ಗಾಡಿಯ ಜೊತೆಗೆ ನಕ್ಷೆಯನ್ನೂ. ಮುಂಬೈ–ಅಹಮದಾಬಾದ್ ಮಾರ್ಗಕ್ಕೆ 2017ರಲ್ಲಿ ಅಡಿಗಲ್ಲು ಹಾಕಿದಾಗ ಶಿಂಕಾನ್‌ಸೆನ್ ಗಾಡಿಯನ್ನು ಜಪಾನಿನಿಂದ ತರುವುದೊಂದೇ ಯೋಜನೆಯಾಗಿತ್ತು. ಮಿಕಿ, ಮತ್ಸುದೈರಾ ಅವರ ಮುಂದಿದ್ದ ಗಾಳಿಯ ಒತ್ತಡ ಮತ್ತು ಗಾಲಿಯ ಓಲಾಟದ ಪ್ರಶ್ನೆಗಳು ಈಗ ಬೆಂಗಳೂರಿನ ಎಂಜಿನಿಯರುಗಳ ಮೇಜಿನ ಮೇಲೆ ಬಂದಿವೆ.

ಮುಂದಿನ ಸಲ ಹೊಸ ಗಾಡಿಯೊಂದರ ಅನಾವರಣದ ಸುದ್ದಿಯನ್ನು ಓದುವಾಗ ಮೂರು ಪ್ರಶ್ನೆಗಳನ್ನು ಕೇಳಿಕೊಳ್ಳಿ. ಈ ಗಾಡಿಯ ಮೈಯ ಲೆಕ್ಕಾಚಾರ ಎಲ್ಲಿ ನಡೆಯಿತು? ಅದರ ಚಾಲನಾ ಸಾಫ್ಟ್‌ವೇರಿನಲ್ಲಿ ಒಂದು ಸಾಲು ತಿದ್ದಬೇಕಾದರೆ ಯಾರ ಅನುಮತಿ ಬೇಕು? ಹತ್ತು ವರ್ಷದ ನಂತರ ಇದಕ್ಕೊಂದು ಬೋಗಿ ಸೇರಿಸಬೇಕಾದರೆ ನಮ್ಮವರಿಗೆ ಸಾಧ್ಯವೇ? ಮೂರಕ್ಕೂ ಉತ್ತರ ಸುದ್ದಿಯಲ್ಲಿ ಇಲ್ಲದಿದ್ದರೆ ಪತ್ರಿಕೆಗೆ, ಮೆಟ್ರೊ ನಿಗಮಕ್ಕೆ ಬರೆದು ಕೇಳಿ. ಟಿಕೆಟ್ಟು ಕೊಳ್ಳುವವರು ಈ ಪ್ರಶ್ನೆ ಕೇಳತೊಡಗಿದರೆ ಟೆಂಡರು ಬರೆಯುವವರೂ ಕೇಳಬೇಕಾಗುತ್ತದೆ.